ಅರ್ಧ ಅಂಕದ ತೂಕ

ಕ್ರಿಕೆಟ್ಟಿನಲ್ಲಿ ಅರ್ಧ ರನ್ ಇಲ್ಲ, ಫುಟ್‌ಬಾಲಿನಲ್ಲಿ ಅರ್ಧ ಗೋಲಿಲ್ಲ. ಚೆಸ್ಸಿನಲ್ಲಿ ಅರ್ಧ ಇದೆ. ಆಟ ಡ್ರಾ ಆಯಿತೆಂದರೆ ಇಬ್ಬರೂ ತಲಾ ಅರ್ಧ ಅಂಕ ಹಂಚಿಕೊಂಡು, ಕೈಕುಲುಕಿ, ಹಾಳೆಗೆ ಸಹಿ ಹಾಕಿ ಎದ್ದು ಹೋಗುತ್ತಾರೆ.

ಬೇಸಿಗೆ ರಜೆಯಲ್ಲೊಮ್ಮೆ ಅಕ್ಕನ ಮಗನನ್ನು ಮಕ್ಕಳ ಟೂರ್ನಿಯೊಂದಕ್ಕೆ ಕರೆದುಕೊಂಡು ಹೋಗಿದ್ದೆ. ಕಲ್ಯಾಣ ಮಂಟಪದ ಊಟದ ಹಾಲಿನಲ್ಲಿ, ಊಟದ ಮೇಜುಗಳ ಮೇಲೇ ಬೋರ್ಡು ಹಾಸಿದ್ದರು. ಹಿಂದಿನ ದಿನದ ಮದುವೆಯ ಹೂವಿನ ಕಮಾನನ್ನು ಇನ್ನೂ ಬಿಚ್ಚಿರಲಿಲ್ಲ. ಒಳಗೆ ಪೋಷಕರನ್ನು ಬಿಡುವುದಿಲ್ಲವಾದ್ದರಿಂದ ಬಾಗಿಲ ಹೊರಗೆ ನೀರಿನ ಬಾಟಲಿ, ಟಿಫಿನ್ ಡಬ್ಬಿ ಹಿಡಿದ ಅಪ್ಪ ಅಮ್ಮಂದಿರ ಗುಂಪು. ಎಂಟೊಂಬತ್ತು ವರ್ಷದ ಹುಡುಗನೊಬ್ಬ ಓಡಿ ಬಂದ.

“ಏನಾಯ್ತೋ?”

“ಹಾಫ್.”

“ಹಾಫಾ? ಯಾಕೆ, ಗೆಲ್ಲಕ್ಕಾಗ್ಲಿಲ್ವಾ?”

“ಒಂದು ಆನೆ ಕಮ್ಮಿ ಇತ್ತಮ್ಮ. ಆದ್ರೂ ಸ್ಟೇಲ್‌ಮೇಟ್ ಮಾಡಿಸ್ದೆ!” ಅವನ ಮುಖ ಅರಳಿತ್ತು. ಅಷ್ಟರಲ್ಲಿ ತಾಯಿ ಡಬ್ಬಿಯ ಮುಚ್ಚಳ ತೆಗೆದಾಗಿತ್ತು. ಆ ಆನೆಯ ಕಥೆ ಅಲ್ಲಿಗೇ ನಿಂತಿತು.

ಆ ತಾಯಿಯನ್ನು ದೂರಲಾರೆ. ಪತ್ರಿಕೆಗಳಲ್ಲಿ ಬರೆಯುವ ನಾವೂ ಮಾಡುವುದು ಅದನ್ನೇ. ಗೆದ್ದ ದಿನ ಫೋಟೊ, ಡ್ರಾ ಆದ ದಿನ ಕ್ರೀಡಾಪುಟದ ಮೂಲೆಯಲ್ಲಿ ಎರಡು ಸಾಲು. ಆದರೆ ಗ್ರ್ಯಾಂಡ್‌ಮಾಸ್ಟರ್‌ಗಳ ಬದುಕಿನ ಲೆಕ್ಕದ ಪುಸ್ತಕ ತೆರೆದರೆ ಅಲ್ಲಿ ಪುಟದ ತುಂಬ ಇರುವುದು ಈ ಅರ್ಧಗಳೇ. ಕಿರೀಟ ಸಿಕ್ಕಿದ್ದು, ತಪ್ಪಿದ್ದು ಎಷ್ಟೋ ಸಲ ಇಂಥ ಒಂದು ಅರ್ಧದಿಂದ. ತಮಾಷೆಯೆಂದರೆ, ಹೋದ ಅರ್ಧವನ್ನು ಹುಡುಕಿಕೊಂಡು ಹೊರಟರೆ ಅದು ನಾವೆಲ್ಲ ನೋಡುತ್ತಿದ್ದ ಜಾಗದಲ್ಲಿ ಸಿಗುವುದೇ ಇಲ್ಲ.

ಈ ಅರ್ಧ ಚೆಸ್ಸಿನ ಜೊತೆಗೇ ಹುಟ್ಟಿದ್ದಲ್ಲ. 1867ರ ಪ್ಯಾರಿಸ್ ಟೂರ್ನಿಯಲ್ಲಿ ಡ್ರಾ ಆದರೆ ಇಬ್ಬರಿಗೂ ಸೊನ್ನೆ. ಅದೇ ವರ್ಷ ಸ್ಕಾಟ್ಲೆಂಡಿನ ಡಂಡೀಯಲ್ಲಿ ಡ್ರಾಗೆ ಅರ್ಧ ಅಂಕ ಕೊಟ್ಟು ನೋಡಿದರು. ಬೇರೆ ಕೆಲವೆಡೆ ಡ್ರಾ ಆದ ಆಟವನ್ನು ಮತ್ತೆ ಆಡಿಸುವ ಪದ್ಧತಿ ಇತ್ತು. ಆಟಗಾರರ ಸೊಂಟ ಮುರಿಯುವ ಪದ್ಧತಿ ಅದು. ಕೊನೆಗೆ ಡಂಡೀಯ ದಾರಿಯೇ ಎಲ್ಲರಿಗೂ ಒಗ್ಗಿತು.

ಅರ್ಧಕ್ಕೆ ಬೆಲೆಯೇ ಇಲ್ಲದಿದ್ದರೆ ಏನಾಗುತ್ತದೆ ಎಂಬುದಕ್ಕೆ 1984ರ ಮಾಸ್ಕೋ ಪಂದ್ಯಕ್ಕಿಂತ ಒಳ್ಳೆಯ ಪಾಠ ಇನ್ನೊಂದಿಲ್ಲ. ಚಾಂಪಿಯನ್ ಅನಾತೊಲಿ ಕಾರ್ಪೊವ್, ಸವಾಲು ಹಾಕಿದ 21ರ ಗ್ಯಾರಿ ಕಾಸ್ಪರೊವ್. ಮೊದಲು ಆರು ಆಟ ಗೆದ್ದವರಿಗೆ ಪಟ್ಟ, ಡ್ರಾಗಳು ಲೆಕ್ಕಕ್ಕಿಲ್ಲ. ಒಂಬತ್ತು ಆಟಗಳಲ್ಲೇ ಕಾರ್ಪೊವ್ 4–0 ಮುಂದೆ. ಇನ್ನು ಎರಡು ವಾರದ ಮಾತು ಎಂದುಕೊಂಡರು ಜನ. ಆಮೇಲೆ ಸತತ 17 ಡ್ರಾ. 27ನೇ ಆಟ ಕಾರ್ಪೊವ್ ಗೆದ್ದು 5–0 ಆಯಿತು. ಬೇಕಿದ್ದದ್ದು ಇನ್ನೊಂದೇ ಒಂದು ಗೆಲುವು. ಆ ಒಂದು ಬರಲೇ ಇಲ್ಲ. ಕಾಸ್ಪರೊವ್ 32ನೇ ಆಟ ಗೆದ್ದರು, ಮತ್ತೆ 14 ಡ್ರಾ, ನಂತರ 47 ಮತ್ತು 48ನೇ ಆಟವೂ ಕಾಸ್ಪರೊವ್‌ಗೆ. ಸೆಪ್ಟೆಂಬರಿನಲ್ಲಿ ಶುರುವಾದ ಪಂದ್ಯವನ್ನು 1985ರ ಫೆಬ್ರುವರಿ 15ರಂದು ಅಂತರರಾಷ್ಟ್ರೀಯ ಚೆಸ್ ಒಕ್ಕೂಟ ಫಿಡೆಯ ಅಧ್ಯಕ್ಷ ಕಾಂಪೊಮಾನೆಸ್ ಫಲಿತಾಂಶವಿಲ್ಲದೆ ನಿಲ್ಲಿಸಿಬಿಟ್ಟರು. 48 ಆಟಗಳಲ್ಲಿ 40 ಡ್ರಾ. ಆ ನಲವತ್ತಕ್ಕೂ ಅಂಕಪಟ್ಟಿಯಲ್ಲಿ ಬೆಲೆ ಇರಲಿಲ್ಲ; ಆದರೆ ಕಾಸ್ಪರೊವ್ ಎಂಬ ಆಟಗಾರ ಉಳಿದದ್ದು ಅವುಗಳಿಂದಲೇ. ಅದೇ ವರ್ಷ ಡ್ರಾಗಳನ್ನೂ ಲೆಕ್ಕಕ್ಕೆ ಹಿಡಿದು, 24 ಆಟಗಳ ಮಿತಿ ಹಾಕಿ ಮತ್ತೆ ಆಡಿಸಿದಾಗ ಅವರು 13–11ರಲ್ಲಿ ಗೆದ್ದು 22ನೇ ವಯಸ್ಸಿಗೆ ಚಾಂಪಿಯನ್ ಆದರು.

ವಿಶ್ವ ಪಟ್ಟ ದೂರದ ಮಾತಾಯಿತು. ಗ್ರ್ಯಾಂಡ್‌ಮಾಸ್ಟರ್ ಎಂಬ ಬಿರುದೇ ಅರ್ಧ ಅರ್ಧವಾಗಿ ಕೂಡಿಟ್ಟು ಗಳಿಸುವಂಥದ್ದು. ಫಿಡೆ 1950ರಲ್ಲಿ ಮೊದಲ ಬಾರಿಗೆ 27 ಮಂದಿಗೆ ಅದನ್ನು ಕೊಟ್ಟಾಗ ಶಾಲು ಹೊದೆಸಿ ಸನ್ಮಾನಿಸಿದಂತಿತ್ತು. ಈಗ ಅದಕ್ಕೆ ಅಳತೆಗೋಲಿದೆ. ಆಟಗಾರನ ಬಲ ಅಳೆಯುವ ರೇಟಿಂಗ್ 2500 ಮುಟ್ಟಬೇಕು. ಜೊತೆಗೆ ಮೂರು ನಾರ್ಮ್ ಬೇಕು. ನಾರ್ಮ್ ಎಂದರೆ, ಸಾಮಾನ್ಯವಾಗಿ ಒಂಬತ್ತು ಸುತ್ತಿನ ಒಂದು ಟೂರ್ನಿಯಲ್ಲಿ 2600 ರೇಟಿಂಗಿನವರು ಆಡುವ ಮಟ್ಟದಲ್ಲಿ ಆಡಿ ತೋರಿಸುವುದು. ಎದುರಾಳಿಗಳ ಸರಾಸರಿ ರೇಟಿಂಗ್ 2480 ಇತ್ತು ಅನ್ನಿ, ಆಗ ಒಂಬತ್ತರಲ್ಲಿ ಆರು ಅಂಕ ಬೇಕು. ಆರು ಬಂದರೆ ನಾರ್ಮ್. ಐದೂವರೆ ಬಂದರೆ ಊರಿಗೆ ಹೋಗುವ ಟಿಕೆಟ್. ಐದೂವರೆಯ ನಾರ್ಮಿಲ್ಲ, ಮುಕ್ಕಾಲು ನಾರ್ಮಿಲ್ಲ. ಇಷ್ಟು ದುಡ್ಡು ಹೊಂದಿಸಿ, ವೀಸಾ ಮಾಡಿಸಿ ಯುರೋಪಿಗೆ ಹೋದವರು ಕೊನೆಯ ಸುತ್ತಿನಲ್ಲಿ ಅರ್ಧ ಅಂಕಕ್ಕೆ ಸೋತು ಬಂದರೆ ಒಂದು ವರ್ಷ ಹೋದಂತೆಯೇ ಲೆಕ್ಕ. 1988ರಲ್ಲಿ ವಿಶ್ವನಾಥನ್ ಆನಂದ್ ಭಾರತದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದರು. ಕರ್ನಾಟಕಕ್ಕೆ ತನ್ನದೇ ಗ್ರ್ಯಾಂಡ್‌ಮಾಸ್ಟರ್ ಸಿಕ್ಕಿದ್ದು 2017ರಲ್ಲಿ, ಮೈಸೂರಿನ ಎಂ.ಎಸ್. ತೇಜ್‌ಕುಮಾರ್ ಅವರ ಮೂಲಕ. ಆ ಹೊತ್ತಿಗೆ ಅವರಿಗೆ ಮೂವತ್ತೈದು ದಾಟಿತ್ತು. ದೇಶಕ್ಕೆ ಅವರು 50ನೆಯವರು. ಹನ್ನೆರಡು ವರ್ಷಕ್ಕೆ ಗ್ರ್ಯಾಂಡ್‌ಮಾಸ್ಟರ್ ಆಗುವ ಮಕ್ಕಳ ಸುದ್ದಿಯನ್ನು ನಾವು ಕಣ್ಣರಳಿಸಿ ಓದುತ್ತೇವೆ. ನನಗೆ ಮೂವತ್ತಾರಕ್ಕೆ ಆದವರ ಕಥೆಯಲ್ಲೇ ಹೆಚ್ಚು ಆಸಕ್ತಿ.

ಅರ್ಧ ಅಂಕದ ಮಾತು ಬಂದಾಗ ಮೊದಲು ನೆನಪಾಗಬೇಕಾದ ಹೆಸರು ಪಾಲ್ ಕೆರೆಸ್.

ಎಸ್ಟೋನಿಯಾದ ಕೆರೆಸ್ 22ನೇ ವಯಸ್ಸಿಗೇ, 1938ರಲ್ಲಿ, ಹಾಲೆಂಡಿನ ಆವ್ರೊ ಟೂರ್ನಿಯಲ್ಲಿ ಅಮೆರಿಕದ ರೂಬೆನ್ ಫೈನ್ ಜೊತೆ ಮೊದಲ ಸ್ಥಾನ ಹಂಚಿಕೊಂಡವರು. ಆಲೆಖಿನ್, ಕಾಪಾಬ್ಲಾಂಕಾ, ಬೋಟ್ವಿನ್ನಿಕ್ ಎಲ್ಲರೂ ಆಡಿದ್ದ ಟೂರ್ನಿ ಅದು. ಅಲ್ಲಿಂದ ಮುಂದೆ ಯುದ್ಧ ಬಂತು, ಅವರ ಪುಟ್ಟ ದೇಶ ಒಮ್ಮೆ ಸೋವಿಯತ್ ಕೈಗೆ, ಒಮ್ಮೆ ಜರ್ಮನ್ ಕೈಗೆ, ಮತ್ತೆ ಸೋವಿಯತ್ ಕೈಗೆ ಹೋಯಿತು. ಯುದ್ಧ ಮುಗಿದು ಕೆಲವು ವರ್ಷಗಳ ಮೇಲೆ ವಿಶ್ವ ಪಟ್ಟಕ್ಕೆ ಹೋಗುವ ದಾರಿ ಒಂದೇ ಆಯಿತು: ಕ್ಯಾಂಡಿಡೇಟ್ಸ್ ಟೂರ್ನಿ. ಅದನ್ನು ಗೆದ್ದವರಿಗೆ ಚಾಂಪಿಯನ್ ಎದುರು ಕೂರುವ ಹಕ್ಕು. ಕೆರೆಸ್ 1953ರಲ್ಲಿ ಝೂರಿಚ್‌ನಲ್ಲಿ ಎರಡನೇ ಸ್ಥಾನ ಹಂಚಿಕೊಂಡರು. 1956ರಲ್ಲಿ ಆಮ್‌ಸ್ಟರ್‌ಡ್ಯಾಮ್‌ನಲ್ಲಿ ಎರಡನೆಯವರು. 1959ರಲ್ಲಿ ಯುಗೊಸ್ಲಾವಿಯಾದಲ್ಲಿ ಮತ್ತೆ ಎರಡನೆಯವರು, ಈ ಸಲ 22ರ ಮಿಖಾಯಿಲ್ ತಾಲ್ ಹಿಂದೆ. ಆ 1959ರ ಟೂರ್ನಿಯ ಒಂದು ಅಂಕಿ ನೋಡಿ. ತಾಲ್ ಮತ್ತು ಕೆರೆಸ್ ಪರಸ್ಪರ ನಾಲ್ಕು ಸಲ ಆಡಿದರು. ಕೆರೆಸ್ 3–1ರಿಂದ ಮೇಲು. ಮೊದಲ ಸ್ಥಾನ ಪಡೆದವರನ್ನು ಮುಖಾಮುಖಿಯಲ್ಲಿ ಬಡಿದುಹಾಕಿ ಎರಡನೆಯವರಾದದ್ದು! ಮಿಕ್ಕವರ ಕೈಯಿಂದ ತಾಲ್ ಅಂಕ ಕಿತ್ತುಕೊಂಡಷ್ಟು ಕೆರೆಸ್ ಕೀಳಲಿಲ್ಲ. ಅಮೆರಿಕದ ಬಾಬಿ ಫಿಶರ್ ಒಬ್ಬರ ಎದುರೇ ತಾಲ್ ನಾಲ್ಕಕ್ಕೆ ನಾಲ್ಕು ಗೆದ್ದಿದ್ದರು.

ಆಮೇಲೆ 1962. ಕೆರಿಬಿಯನ್ ಸಮುದ್ರದ ಕ್ಯುರಸಾವೊ ದ್ವೀಪ. ಎಂಟು ಆಟಗಾರರು, ಪ್ರತಿಯೊಬ್ಬರೂ ಉಳಿದವರ ಜೊತೆ ನಾಲ್ಕು ನಾಲ್ಕು ಸಲ ಆಡಬೇಕು. ಮೇ ತಿಂಗಳ ಆರಂಭದಿಂದ ಜೂನ್ ಕೊನೆಯವರೆಗೆ ಸುಡು ಬಿಸಿಲಿನಲ್ಲಿ ಎಳೆದಾಡಿದ ಟೂರ್ನಿ. ತಾಲ್ ಕಾಯಿಲೆ ಬಿದ್ದು ಮುಕ್ಕಾಲು ದಾರಿಯಲ್ಲಿ ಹಿಂದೆ ಸರಿದರು. ಮುಂಚೂಣಿಯಲ್ಲಿದ್ದ ಮೂವರು ಸೋವಿಯತ್ ಆಟಗಾರರು, ಟಿಗ್ರಾನ್ ಪೆಟ್ರೋಸಿಯನ್, ಎಫಿಮ್ ಗೆಲ್ಲರ್ ಮತ್ತು ಕೆರೆಸ್, ತಮ್ಮತಮ್ಮಲ್ಲಿ ಆಡಿದ ಹನ್ನೆರಡಕ್ಕೆ ಹನ್ನೆರಡೂ ಆಟ ಡ್ರಾ. ಇದು ಒಳಒಪ್ಪಂದ ಎಂದು ಬಾಬಿ ಫಿಶರ್ ಅಮೆರಿಕದ ‘ಸ್ಪೋರ್ಟ್ಸ್ ಇಲಸ್ಟ್ರೇಟೆಡ್’ ಪತ್ರಿಕೆಯಲ್ಲಿ ಬರೆದು ರಂಪ ಮಾಡಿದರು, ಫಿಡೆ ಮುಂದೆ ಕ್ಯಾಂಡಿಡೇಟ್ಸ್ ಪದ್ಧತಿಯನ್ನೇ ಬದಲಿಸಿತು. ಫಿಶರ್ ಆರೋಪದಲ್ಲಿ ಹುರುಳಿತ್ತು ಅನ್ನಿಸುತ್ತದೆ. ಆದರೆ ಅವರು ಮೂರೂವರೆ ಅಂಕ ಹಿಂದಿದ್ದರು ಎಂಬುದೂ ನಿಜ; ಹನ್ನೆರಡು ಡ್ರಾಗಳಿಂದ ಅಷ್ಟು ದೊಡ್ಡ ಕಂದಕ ಬೀಳುವುದಿಲ್ಲ.

ಕೊನೆಗೆ ಉಳಿದದ್ದು ಎರಡು ಸುತ್ತು. ಕೆರೆಸ್ ಎದುರಾಳಿ ಹಂಗೇರಿಯಿಂದ ಅಮೆರಿಕಕ್ಕೆ ವಲಸೆ ಹೋದ ಪಾಲ್ ಬೆಂಕೊ. ಅದೇ ಟೂರ್ನಿಯಲ್ಲಿ ಅದುವರೆಗೆ ಮೂರು ಸಲ ಎದುರಾಗಿ ಮೂರೂ ಸಲ ಬೆಂಕೊ ಸೋತಿದ್ದರು. ನಾಲ್ಕನೆಯ ಆಟ ಆ ದಿನ ಮುಗಿಯದೆ ಮರುದಿನಕ್ಕೆ ಹೋಯಿತು. ಆ ಕಾಲದಲ್ಲಿ ಹಾಗಿತ್ತು: ಸಮಯ ಮೀರಿದರೆ ಮುಂದಿನ ನಡೆಯನ್ನು ಬರೆದು ಲಕೋಟೆಯಲ್ಲಿ ಅಂಟಿಸಿ, ರಾತ್ರಿಯಿಡೀ ಕೋಣೆಯಲ್ಲಿ ಕೂತು ಲೆಕ್ಕ ಹಾಕಿ, ಮಾರನೆಯ ದಿನ ಬಂದು ಮುಂದುವರಿಸುವುದು. ಬೆಂಕೊ ಮುಂದೆ ಹೇಳಿಕೊಂಡ ಪ್ರಕಾರ ಆ ರಾತ್ರಿ ಪೆಟ್ರೋಸಿಯನ್ ಮತ್ತು ಗೆಲ್ಲರ್ ಅವರ ಕೋಣೆಗೇ ಬಂದು, ಸ್ಥಿತಿಯನ್ನು ಬಿಡಿಸಲು ನೆರವಾಗುತ್ತೇವೆ ಎಂದರಂತೆ. ತಮ್ಮದೇ ದೇಶದ ತಂಡದವನ ವಿರುದ್ಧ! ಬೆಂಕೊ ಬೇಡವೆಂದರು. ಮಾರನೆಯ ದಿನ ಒಬ್ಬರೇ ಕೂತು ಗೆದ್ದರು. (ಇದೇ ಬೆಂಕೊ 1970ರಲ್ಲಿ ತಮ್ಮ ಅರ್ಹತೆಯ ಜಾಗವನ್ನು ಫಿಶರ್‌ಗೆ ಬಿಟ್ಟುಕೊಟ್ಟರು, ಫಿಶರ್ ಚಾಂಪಿಯನ್ ಆದ ದಾರಿ ಶುರುವಾದದ್ದು ಅಲ್ಲಿಂದ. ಒಬ್ಬ ಮನುಷ್ಯ ಎಷ್ಟು ಜನರ ಹಣೆಬರಹದಲ್ಲಿ ಕೈಯಾಡಿಸಬಹುದು ನೋಡಿ.) ಕೊನೆಯ ಸುತ್ತಿನಲ್ಲಿ ಕೆರೆಸ್ ಫಿಶರ್ ಜೊತೆ ಡ್ರಾ ಮಾಡಿಕೊಂಡರು. ಪೆಟ್ರೋಸಿಯನ್ ಹದಿನೇಳೂವರೆ, ಕೆರೆಸ್ ಮತ್ತು ಗೆಲ್ಲರ್ ಹದಿನೇಳು.

ಸತತ ನಾಲ್ಕನೆಯ ಸಲ ಎರಡನೇ ಸ್ಥಾನ. ಆಗ ಅವರಿಗೆ 46.

ಬೆಂಕೊ ಎದುರು ಒಂದು ಡ್ರಾ ಆಗಿದ್ದರೆ ಪೆಟ್ರೋಸಿಯನ್ ಜೊತೆ ಸಮನಾಗುತ್ತಿದ್ದರು ಎಂದು ಎಲ್ಲರೂ ಬರೆಯುತ್ತಾರೆ. ನಿಜವೇ. ಆದರೆ ಎರಡು ತಿಂಗಳಲ್ಲಿ ಕೆರೆಸ್ 27 ಆಟ ಆಡಿದ್ದರು. ಗೆಲ್ಲಬಹುದಾದ ಸ್ಥಿತಿಯಲ್ಲಿ ಸುಸ್ತಾಗಿ ಒಪ್ಪಿಕೊಂಡ ಡ್ರಾ, ಬೇಸರದ ಮಧ್ಯಾಹ್ನ ಕೈಬಿಟ್ಟ ಒಂದು ಅವಕಾಶ ಯಾವ ಆಟಗಾರನಿಗೆ ಇರುವುದಿಲ್ಲ? ಆ ಅರ್ಧಕ್ಕೂ ಬೆಂಕೊ ಎದುರಿನ ಅರ್ಧಕ್ಕೂ ತೂಕ ಒಂದೇ. 26ನೇ ಆಟದಲ್ಲಿ ಹೋದರೆ ದುರಂತ, ಆರನೆಯ ಆಟದಲ್ಲಿ ಹೋದರೆ ಯಾರಿಗೂ ಗೊತ್ತೇ ಆಗುವುದಿಲ್ಲ. ಅಡಿಕೆಗೆ ಹೋದ ಮಾನ ಆನೆ ಕೊಟ್ಟರೂ ಬಾರದು ಅನ್ನುತ್ತಾರಲ್ಲ, ಹಾಗೆ.

ಕಾಪಾಬ್ಲಾಂಕಾನಿಂದ ಫಿಶರ್‌ವರೆಗೆ ಒಂಬತ್ತು ವಿಶ್ವ ಚಾಂಪಿಯನ್ನರನ್ನು ಒಂದಲ್ಲ ಒಂದು ಆಟದಲ್ಲಿ ಸೋಲಿಸಿದ ಕೆರೆಸ್, ಒಮ್ಮೆಯೂ ಚಾಂಪಿಯನ್ ಎದುರು ಪಟ್ಟದ ಪಂದ್ಯ ಆಡಲಿಲ್ಲ. 1975ರಲ್ಲಿ ಕೆನಡಾದ ವ್ಯಾಂಕೂವರ್‌ನಲ್ಲಿ ಟೂರ್ನಿಯೊಂದನ್ನು ಗೆದ್ದು ಮನೆಗೆ ಮರಳುವಾಗ, ದಾರಿಯಲ್ಲಿ ಹೆಲ್ಸಿಂಕಿಯಲ್ಲಿ ಹೃದಯಾಘಾತದಿಂದ ತೀರಿಕೊಂಡರು. ಎಸ್ಟೋನಿಯಾ ಸ್ವತಂತ್ರವಾದ ಮೇಲೆ ತನ್ನ ಐದು ಕ್ರೂನಿನ ನೋಟಿನ ಮೇಲೆ ಅವರ ಮುಖ ಅಚ್ಚು ಹಾಕಿಸಿತು. ಚಾಂಪಿಯನ್ ಆದವರಲ್ಲಿ ಎಷ್ಟು ಜನರ ಮುಖ ಜನರ ಜೇಬಿನಲ್ಲಿ ಓಡಾಡಿದೆ?

ಅತ್ತ ಅರ್ಧ ಅಂಕದಿಂದ ಗೆದ್ದ ಪೆಟ್ರೋಸಿಯನ್ ಅವರನ್ನು ಬಹಳ ಜನ ಮೆಚ್ಚಲಿಲ್ಲ. ಕ್ಯುರಸಾವೊದಲ್ಲಿ ಅವರದು 8 ಗೆಲುವು, 19 ಡ್ರಾ, ಸೋಲು ಸೊನ್ನೆ. ಬೇಸರ ಹುಟ್ಟಿಸುವ ಆಟ ಎಂದರು. ನನಗೆ ಈ ದೂರು ಯಾವತ್ತೂ ಪೂರ್ತಿ ಅರ್ಥವಾಗಿಲ್ಲ. ಟಿಬಿಲಿಸಿಯಲ್ಲಿ ಹುಟ್ಟಿದ, ಯುದ್ಧದ ವರ್ಷಗಳಲ್ಲಿ ತಂದೆತಾಯಿಯನ್ನು ಕಳೆದುಕೊಂಡು ಬೀದಿ ಗುಡಿಸಿ ಬದುಕಿದ, ಕಿವಿ ಸರಿಯಾಗಿ ಕೇಳದ ಈ ಅರ್ಮೇನಿಯನ್ ಹುಡುಗನಿಗೆ ಕೈಯಲ್ಲಿದ್ದದ್ದನ್ನು ಕಳೆದುಕೊಳ್ಳಬಾರದು ಎಂಬುದೇ ಮೊದಲ ಪಾಠವಾಗಿದ್ದರೆ ಆಶ್ಚರ್ಯವೇನು? ಅವರು ಹತ್ತು ಒಲಿಂಪಿಯಾಡ್‌ಗಳಲ್ಲಿ 129 ಆಟ ಆಡಿದರು. ಸೋತದ್ದು ಒಂದೇ ಒಂದು, 1972ರಲ್ಲಿ, ಪಶ್ಚಿಮ ಜರ್ಮನಿಯ ರಾಬರ್ಟ್ ಹ್ಯೂಬ್ನರ್ ಎದುರು; ಅದೂ ಗಡಿಯಾರದ ಸಮಯ ಮುಗಿದು. 50 ಡ್ರಾ. ಉಳಿದ 78 ಗೆಲುವು ಎಂಬುದನ್ನು ಬೇಸರದ ಆಟ ಅನ್ನುವವರು ಮರೆಯುತ್ತಾರೆ. 1963ರಲ್ಲಿ ಬೋಟ್ವಿನ್ನಿಕ್ ಅವರನ್ನು ಸೋಲಿಸಿ ಚಾಂಪಿಯನ್ ಆದರು. 1966ರಲ್ಲಿ ಸ್ಪಾಸ್ಕಿ ಎದುರು ಹನ್ನೆರಡೂವರೆ–ಹನ್ನೊಂದೂವರೆಯಲ್ಲಿ ಪಟ್ಟ ಉಳಿಸಿಕೊಂಡರು.

ಈಗ ಕ್ಯುರಸಾವೊದಿಂದ ಹನ್ನೊಂದು ವರ್ಷ ಹಿಂದಕ್ಕೆ, 1951ರ ಮಾಸ್ಕೋಗೆ ಬನ್ನಿ. ಚಾಂಪಿಯನ್ ಮಿಖಾಯಿಲ್ ಬೋಟ್ವಿನ್ನಿಕ್, ಎಂಜಿನಿಯರ್, ಶಿಸ್ತಿನ ಮನುಷ್ಯ. ಎದುರಿಗೆ 27ರ ಡೇವಿಡ್ ಬ್ರಾನ್‌ಸ್ಟೀನ್, ಆಟದ ಮೊದಲ ನಡೆಗೇ ಹತ್ತಾರು ನಿಮಿಷ ಕನಸು ಕಾಣುತ್ತ ಕೂರುವಾತ. 24 ಆಟಗಳ ಪಂದ್ಯ. 12–12 ಆದರೆ ಚಾಂಪಿಯನ್‌ಗೇ ಪಟ್ಟ. 22 ಆಟ ಮುಗಿದಾಗ ಬ್ರಾನ್‌ಸ್ಟೀನ್ ಒಂದು ಅಂಕ ಮುಂದೆ: ಹನ್ನೊಂದೂವರೆ–ಹತ್ತೂವರೆ. ಉಳಿದ ಎರಡೂ ಆಟ ಡ್ರಾ ಮಾಡಿಕೊಂಡರೆ ಸಾಕು, ಜಗತ್ತಿಗೆ ಹೊಸ ಚಾಂಪಿಯನ್.

23ನೇ ಆಟ. ಬೋಟ್ವಿನ್ನಿಕ್‌ಗೆ ಎರಡು ಒಂಟೆ, ಬ್ರಾನ್‌ಸ್ಟೀನ್‌ಗೆ ಎರಡು ಕುದುರೆ. ಆಟ ಮುಂದಕ್ಕೆ ಹೋಯಿತು, ಬೋಟ್ವಿನ್ನಿಕ್ ನಡೆ ಬರೆದು ಲಕೋಟೆಗೆ ಹಾಕಿದರು. ತಮ್ಮ ಸಹಾಯಕ ಸಾಲೊ ಫ್ಲೋರ್‌ಗೆ ಮಾತ್ರ ಬೇರೆಯೇ ನಡೆ ಹೇಳಿದ್ದರಂತೆ. ಪಾಪ, ಆ ಮನುಷ್ಯ ರಾತ್ರಿಯಿಡೀ ಇಲ್ಲದ ನಡೆಯನ್ನು ಅರೆದು ಕುಡಿದರು. ಬೋಟ್ವಿನ್ನಿಕ್ ತಮ್ಮದೇ ಜನರನ್ನೂ ನಂಬದ ಮನುಷ್ಯ. ಆಟ ಮುಂದುವರಿದಾಗ ಒಂಟೆಗಳು ಕುದುರೆಗಳನ್ನು ಕಟ್ಟಿಹಾಕಿದವು, ಬ್ರಾನ್‌ಸ್ಟೀನ್ ಸೋಲೊಪ್ಪಿಕೊಂಡರು. ಕೊನೆಯ ಆಟ ಬೇಗನೆ ಡ್ರಾ ಆಯಿತು. 12–12.

ಬ್ರಾನ್‌ಸ್ಟೀನ್ ಪಟ್ಟ ಕಳೆದುಕೊಂಡದ್ದು 23ನೇ ಆಟದಲ್ಲಿ ಎಂದು ಪುಸ್ತಕಗಳು ಹೇಳುತ್ತವೆ. ನಾನು ಆರನೆಯ ಆಟದ ಕಡೆ ಬೆರಳು ತೋರಿಸುತ್ತೇನೆ. ಅಂತ್ಯದಾಟ. ಬೋರ್ಡಿನ ಮೇಲೆ ಕಾಯಿಗಳು ಬೆರಳೆಣಿಕೆಯಷ್ಟು. ಬ್ರಾನ್‌ಸ್ಟೀನ್ ಬಳಿ ಒಂದು ಕುದುರೆ. ಬೋಟ್ವಿನ್ನಿಕ್‌ರ ಕಾಲಾಳು ಕೊನೆಯ ಸಾಲಿನತ್ತ ಇಳಿಯುತ್ತಿದೆ, ಅದು ಮಂತ್ರಿಯಾದರೆ ಮುಗಿಯಿತು. ಕುದುರೆಯಿಂದ ಒಂದು ಚೆಕ್ ಕೊಟ್ಟಿದ್ದರೆ ಕಾಲಾಳನ್ನು ತಡೆಯಬಹುದಿತ್ತು, ಆಟ ಡ್ರಾ. ಹವ್ಯಾಸಿಗಳಿಗೂ ಕಾಣುವ ನಡೆ. ಬ್ರಾನ್‌ಸ್ಟೀನ್ ಬಹಳ ಹೊತ್ತು ಯೋಚಿಸಿ ರಾಜನನ್ನು ಎತ್ತಿ ಪಕ್ಕದ ಮನೆಗಿಟ್ಟರು. ಬೋಟ್ವಿನ್ನಿಕ್ ಉತ್ತರವಾಗಿ ತಮ್ಮ ರಾಜನನ್ನು ಒಂದೇ ಮನೆ ಸರಿಸಿದರು. ಕುದುರೆಗೆ ಇನ್ನು ದಾರಿಯೇ ಇರಲಿಲ್ಲ. ಅರ್ಧ ಇದ್ದದ್ದು ಸೊನ್ನೆಯಾಯಿತು.

ಆ ಅರ್ಧ ಉಳಿದಿದ್ದರೆ ಕೊನೆಯ ಲೆಕ್ಕ ಹನ್ನೆರಡೂವರೆ–ಹನ್ನೊಂದೂವರೆ. ಹೀಗೆ ಕೂಡಿ ಕಳೆಯುವುದು ನ್ಯಾಯವಲ್ಲ, ಗೊತ್ತಿದೆ. ಆರನೆಯ ಆಟ ಬದಲಾಗಿದ್ದರೆ ಏಳನೆಯದೂ ಬದಲಾಗುತ್ತಿತ್ತು, ಬೋಟ್ವಿನ್ನಿಕ್ ಬೇರೆ ರೀತಿ ಆಡುತ್ತಿದ್ದರು. ಆದರೂ ರಾತ್ರಿ ನಿದ್ದೆ ಬಾರದಾಗ ಬ್ರಾನ್‌ಸ್ಟೀನ್ ಯಾವ ಆಟವನ್ನು ಮತ್ತೆ ಆಡುತ್ತಿದ್ದಿರಬಹುದು ಎಂದು ನನಗೆ ಕುತೂಹಲ. ಅವರು 2006ರವರೆಗೆ ಬದುಕಿದ್ದರು. ಮತ್ತೆ ಪಟ್ಟದ ಪಂದ್ಯ ಆಡುವ ಅವಕಾಶ ಬರಲೇ ಇಲ್ಲ. 1953ರ ಝೂರಿಚ್ ಟೂರ್ನಿಯ ಬಗ್ಗೆ ಅವರು ಬರೆದ ಪುಸ್ತಕವನ್ನು ಮಾತ್ರ ಚೆಸ್ ಕಲಿಯುವವರು ಇಂದಿಗೂ ಓದುತ್ತಾರೆ.

ಇಂಥ ಕಥೆಗಳಿಗೆ ಬರವಿಲ್ಲ. 1910ರಲ್ಲಿ ವಿಯೆನ್ನಾದ ಕಾರ್ಲ್ ಶ್ಲೆಕ್ಟರ್ ಹತ್ತು ಆಟಗಳ ಪಂದ್ಯದಲ್ಲಿ ಚಾಂಪಿಯನ್ ಲಾಸ್ಕರ್ ಅವರಿಗಿಂತ ಒಂದು ಅಂಕ ಮುಂದಿದ್ದು ಹತ್ತನೆಯ ಆಟ ಸೋತು 5–5. 2004ರಲ್ಲಿ ಸ್ವಿಟ್ಜರ್ಲೆಂಡಿನ ಬ್ರಿಸ್ಸಾಗೊದಲ್ಲಿ ಹಂಗೇರಿಯ ಪೀಟರ್ ಲೇಕೊ, ಚಾಂಪಿಯನ್ ಕ್ರಾಮ್ನಿಕ್ ಎದುರು 7–6 ಮುಂದಿದ್ದು ಕೊನೆಯ ಆಟ ಸೋತು 7–7. ಇಬ್ಬರಿಗೂ ಕೊನೆಯ ದಿನ ಬೇಕಿದ್ದದ್ದು ಒಂದು ಡ್ರಾ. 1987ರ ಸೆವಿಯಾದಲ್ಲಿ ಕಾರ್ಪೊವ್‌ಗೂ ಅಷ್ಟೇ ಬೇಕಿತ್ತು: 12–11 ಮುಂದಿದ್ದರು, 24ನೇ ಆಟವನ್ನು ಕಾಸ್ಪರೊವ್ ಗೆದ್ದು 12–12 ಮಾಡಿ ಪಟ್ಟ ಉಳಿಸಿಕೊಂಡರು. ಅರ್ಧ ಸಾಕು ಎಂದು ಬೋರ್ಡಿನ ಮುಂದೆ ಕೂರುವುದೇ ಅಪಾಯ ಎಂದು ಇವನ್ನೆಲ್ಲ ಓದಿದಾಗ ಅನ್ನಿಸುತ್ತದೆ.

ಹಾಗಾದರೆ ಅರ್ಧ ಬೇಡವೇ ಬೇಡ ಎಂದು ಆಡಿದರೆ? 2010ರ ಸೋಫಿಯಾ ನೆನಪಿಸಿಕೊಳ್ಳಿ. ಐಸ್‌ಲೆಂಡಿನ ಜ್ವಾಲಾಮುಖಿಯ ಬೂದಿ ಯುರೋಪಿನ ಆಕಾಶವನ್ನೇ ಮುಚ್ಚಿ ವಿಮಾನಗಳು ನಿಂತಿದ್ದವು. ಚಾಂಪಿಯನ್ ಆನಂದ್ ಫ್ರಾಂಕ್‌ಫರ್ಟ್‌ನಿಂದ ಬಲ್ಗೇರಿಯಾದ ರಾಜಧಾನಿಗೆ ರಸ್ತೆಯಲ್ಲಿ ಸುಮಾರು 40 ತಾಸು ಪ್ರಯಾಣ ಮಾಡಿ ತಲುಪಿದರು. ಮೂರು ದಿನ ಮುಂದೂಡಿ ಎಂದು ಕೇಳಿದ್ದಕ್ಕೆ ಸಿಕ್ಕಿದ್ದು ಒಂದು ದಿನ. ಮೊದಲ ಆಟವೇ ಸೋಲು. ಎದುರಾಳಿ ವೆಸೆಲಿನ್ ಟೊಪಾಲೊವ್ ತವರಿನ ಜನರ ಮುಂದೆ ಆಡುತ್ತಿದ್ದರು. ನಾನು ಡ್ರಾ ಕೇಳುವುದೂ ಇಲ್ಲ, ಕೇಳಿದರೆ ಒಪ್ಪುವುದೂ ಇಲ್ಲ ಎಂದು ಮೊದಲೇ ಸಾರಿದ್ದರು. 11 ಆಟ ಮುಗಿದಾಗ ಐದೂವರೆ–ಐದೂವರೆ. ಹನ್ನೆರಡನೆಯದೂ ಡ್ರಾ ಆದರೆ ವೇಗದ ಆಟಗಳ ಟೈಬ್ರೇಕ್. ವೇಗದಾಟದಲ್ಲಿ ಆನಂದ್ ಎದುರು ಕೂರುವ ಮನಸ್ಸು ಟೊಪಾಲೊವ್‌ಗೆ ಇರಲಿಲ್ಲ. ಬಿಳಿ ಕಾಯಿಯಲ್ಲಿ ಆಡುತ್ತ, ಸಮನಾಗಿದ್ದ ಸ್ಥಿತಿಯಲ್ಲಿ ಅವರೇ ತಮ್ಮ ರಾಜನ ಮುಂದಿನ ಬಾಗಿಲನ್ನು ತೆರೆದುಕೊಟ್ಟರು. ಆನಂದ್‌ರ ಒಂಟೆಗೆ ಉದ್ದನೆಯ ಕರ್ಣ ಸಿಕ್ಕಿತು, ಮಂತ್ರಿ ಒಳಗೆ ನುಗ್ಗಿತು. ಆರೂವರೆ–ಐದೂವರೆ. ಕೈಗೆ ಬಂದ ಅರ್ಧವನ್ನು ಒದ್ದದ್ದಕ್ಕೆ ಟೊಪಾಲೊವ್ ತೆತ್ತ ಬೆಲೆ ಅದು. ಎರಡು ವರ್ಷದ ಬಳಿಕ ಮಾಸ್ಕೋದಲ್ಲಿ ಗೆಲ್ಫಾಂಡ್ ಜೊತೆ ಪಂದ್ಯ 6–6 ಆದಾಗ ಆನಂದ್ ವೇಗದಾಟದಲ್ಲಿ ಎರಡೂವರೆ–ಒಂದೂವರೆಯಿಂದ ಗೆದ್ದರು. ಅಲ್ಲೂ ಅರ್ಧದ ಚೂರು ಇದ್ದೇ ಇದೆ.

ಅಂಕಗಳು ಸಮಸಮ ಆಗಿಬಿಟ್ಟರೆ ಇನ್ನೊಂದು ಪೇಚು. 2013ರ ಲಂಡನ್ ಕ್ಯಾಂಡಿಡೇಟ್ಸ್‌ನ ಕೊನೆಯ ದಿನ ಮುಂಚೂಣಿಯಲ್ಲಿದ್ದ ಇಬ್ಬರೂ ಸೋತರು: ಮ್ಯಾಗ್ನಸ್ ಕಾರ್ಲ್‌ಸನ್ ಸ್ವಿಡ್ಲರ್ ಎದುರು, ವ್ಲಾಡಿಮಿರ್ ಕ್ರಾಮ್ನಿಕ್ ಇವಾಂಚುಕ್ ಎದುರು. ಇವಾಂಚುಕ್ ಆ ಟೂರ್ನಿಯಲ್ಲಿ ಆಟದ ಮೇಲೆ ಆಟವನ್ನು ಗಡಿಯಾರಕ್ಕೆ ಸೋತವರು. ಆದರೂ ಮುಂಚೂಣಿಯ ಆ ಇಬ್ಬರನ್ನೂ ಸೋಲಿಸಿದರು. ಇಬ್ಬರಿಗೂ ಎಂಟೂವರೆ. ಪರಸ್ಪರ ಆಡಿದ್ದೂ ಸಮ. ಮುಂದಿನ ನಿಯಮ: ಹೆಚ್ಚು ಆಟ ಗೆದ್ದವರು ಮೇಲು. ಕಾರ್ಲ್‌ಸನ್ ಐದು ಗೆದ್ದು ಎರಡು ಸೋತಿದ್ದರು, ಕ್ರಾಮ್ನಿಕ್ ನಾಲ್ಕು ಗೆದ್ದು ಒಂದೇ ಸೋತಿದ್ದರು. ಅಂದರೆ ಕ್ರಾಮ್ನಿಕ್ ಕಡಿಮೆ ಸೋತದ್ದಕ್ಕೇ ಹೊರಬಿದ್ದರು! ಅದೇ ನವೆಂಬರಿನಲ್ಲಿ ಕಾರ್ಲ್‌ಸನ್ ಚೆನ್ನೈಯಲ್ಲಿ ಆನಂದ್ ಅವರನ್ನು ಸೋಲಿಸಿದ್ದು ಎಲ್ಲರಿಗೂ ನೆನಪಿದೆ. ಲಂಡನ್ನಿನ ಆ ಸಣ್ಣ ನಿಯಮ ಹೆಚ್ಚಿನವರಿಗೆ ನೆನಪಿಲ್ಲ.

2024ರ ಏಪ್ರಿಲ್, ಕೆನಡಾದ ಟೊರಾಂಟೊ, ಮತ್ತೆ ಕ್ಯಾಂಡಿಡೇಟ್ಸ್. ಕೊನೆಯ ಸುತ್ತಿಗೆ ಮುನ್ನ 17ರ ಗುಕೇಶ್ ಎಂಟೂವರೆ. ಅರ್ಧ ಅಂಕ ಹಿಂದೆ ನಕಮುರ, ನೆಪೊಮ್ನಿಯಾಚಿ, ಕರುವಾನ ಮೂವರೂ ಎಂಟು. ಗುಕೇಶ್ ಕರಿ ಕಾಯಿಯಲ್ಲಿ ನಕಮುರ ಜೊತೆ ಡ್ರಾ ಮಾಡಿ ಒಂಬತ್ತಕ್ಕೆ ನಿಂತರು. ಪಕ್ಕದ ಮೇಜಿನಲ್ಲಿ ಕರುವಾನ, ನೆಪೊಮ್ನಿಯಾಚಿ ಇನ್ನೂ ಆಡುತ್ತಿದ್ದರು. ಯಾರೇ ಗೆದ್ದರೂ ಒಂಬತ್ತು, ಟೈಬ್ರೇಕ್. ಕರುವಾನ ಕೈಗೆ ಗೆಲುವು ಬಂದಿತ್ತು, ಜಾರಿತು, ಮತ್ತೆ ಬಂತು, ಮತ್ತೆ ಜಾರಿತು. ನೋಡಲಾರದೆ ಗುಕೇಶ್ ತಮ್ಮ ತರಬೇತುದಾರ ಗಾಯೆವ್‌ಸ್ಕಿ ಜೊತೆ ನಡೆದಾಡಲು ಹೊರಗೆ ಹೋದರು. 109 ನಡೆಗಳಾದ ಮೇಲೆ ಆ ಆಟ ಡ್ರಾ. ಬೇರೆಯವರ ಮೇಜಿನಲ್ಲಿ ಹಂಚಿಹೋದ ಒಂದು ಅಂಕ ಚೆನ್ನೈಯ ಹುಡುಗನನ್ನು ಪಟ್ಟದ ಪಂದ್ಯಕ್ಕೆ ಕಳಿಸಿತು. ಅದೇ ಟೂರ್ನಿಯ ಏಳನೆಯ ಸುತ್ತಿನಲ್ಲಿ ಅವರು ಫಿರೂಜ್ಜಾ ಎದುರು ಸೋತಿದ್ದರು. ಆ ಸೋಲೇ ತಮಗೆ ಕಸುವು ಕೊಟ್ಟಿತು ಎಂದು ಆಮೇಲೆ ಹೇಳಿಕೊಂಡರು.

ಡಿಸೆಂಬರ್ 12, ಸಿಂಗಪುರ. 13 ಆಟ ಮುಗಿದು ಆರೂವರೆ–ಆರೂವರೆ. ಚಾಂಪಿಯನ್ ಡಿಂಗ್ ಲಿರೆನ್ ಬಿಳಿ ಕಾಯಿಯಲ್ಲಿ ಆಡುತ್ತಿದ್ದರೂ ಅವರಿಗೆ ಬೇಕಿದ್ದದ್ದು ಅರ್ಧ ಅಂಕವಷ್ಟೇ. ಟೈಬ್ರೇಕಿನ ವೇಗದಾಟದಲ್ಲಿ ತಮ್ಮ ಅನುಭವ ಮೇಲು ಎಂಬುದು ಅವರಿಗೂ ಗೊತ್ತಿತ್ತು, ನೋಡುವವರಿಗೂ ಗೊತ್ತಿತ್ತು. ಒಂದೊಂದೇ ಕಾಯಿಯನ್ನು ಅದಲುಬದಲು ಮಾಡಿಕೊಳ್ಳುತ್ತ ಬಂದರು. ಕೊನೆಗೆ ಇಬ್ಬರಿಗೂ ಒಂದು ಆನೆ, ಒಂದು ಒಂಟೆ. ಗುಕೇಶ್‌ಗೆ ಒಂದು ಕಾಲಾಳು ಹೆಚ್ಚು. ಹೀಗೇ ಕಾದುಕೊಂಡಿದ್ದರೆ ಡ್ರಾ. ಡಿಂಗ್‌ರ ಒಂಟೆ ಮಾತ್ರ ಬೋರ್ಡಿನ ತುದಿಯ ಮೂಲೆಯಲ್ಲಿ ಸಿಕ್ಕಿಕೊಂಡಿತ್ತು.

55ನೇ ನಡೆ. ಡಿಂಗ್ ಆನೆಯನ್ನು ಹಿಂದಕ್ಕೆ ತಂದು ಗುಕೇಶ್‌ರ ಆನೆಗೆ ಎದುರಾಗಿ ನಿಲ್ಲಿಸಿದರು. ಇನ್ನೊಂದು ಅದಲುಬದಲು, ಅರ್ಧ ಅಂಕಕ್ಕೆ ಇನ್ನೊಂದು ಹೆಜ್ಜೆ. ಗುಕೇಶ್ ಒಂದು ಕ್ಷಣ ಬೋರ್ಡು ನೋಡಿದರು. ಕಣ್ಣಗಲಿಸಿದರು. ನೀರು ಕುಡಿದರು. ಆನೆಗಳು ಹೋದರೆ ಮೂಲೆಯ ಒಂಟೆಗೆ ತಮ್ಮ ಒಂಟೆಯನ್ನು ಎದುರು ತರಬಹುದು. ಒಂಟೆಗಳೂ ಹೋದರೆ ಉಳಿಯುವುದು ರಾಜ ಮತ್ತು ಕಾಲಾಳು, ಅಲ್ಲಿ ಒಂದು ಕಾಲಾಳು ಹೆಚ್ಚಿದ್ದವರೇ ಗೆಲ್ಲುವುದು. ಡಿಂಗ್ ಮೇಜಿನ ಮೇಲೆ ಬಾಗಿದರು. ಅವರಿಗೂ ಈಗ ಕಂಡಿತ್ತು. ಮೂರು ನಡೆ ಕಳೆದು, 58ಕ್ಕೆ ಕೈಚಾಚಿದರು. ಏಳೂವರೆ–ಆರೂವರೆ. 18ರ ಗುಕೇಶ್ ವಿಶ್ವ ಚಾಂಪಿಯನ್. 22ಕ್ಕೆ ಆಗಿದ್ದ ಕಾಸ್ಪರೊವ್ ದಾಖಲೆ ಅಳಿಯಿತು.

ಡಿಂಗ್ ಎದ್ದು ಹೋದ ಮೇಲೂ ಗುಕೇಶ್ ಕುರ್ಚಿ ಬಿಡಲಿಲ್ಲ. ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡು ಅತ್ತರು. ಆಮೇಲೆ ಅಳುತ್ತಲೇ, ದಿನವೂ ಮಾಡುವಂತೆ, ಕಾಯಿಗಳನ್ನು ಒಂದೊಂದಾಗಿ ಎತ್ತಿ ಆಟ ಶುರುವಾಗುವ ಮುಂಚೆ ಇದ್ದ ಮನೆಗಳಲ್ಲಿ ಜೋಡಿಸತೊಡಗಿದರು.